ಅಮೆರಿಕದ ಸರ್ಕಾರಿ ವಿಶ್ವವಿದ್ಯಾಲಯಗಳಲ್ಲಿ ಹೊರರಾಜ್ಯದವರಿಗಿರುವ ದುಬಾರಿ ಶುಲ್ಕವನ್ನು ತಗ್ಗಿಸಿಕೊಳ್ಳುವುದು ಹೇಗೆ?

ಪ್ರಶ್ನೆ: ದಾವಣಗೆರೆಯ ಶಿಕ್ಷಕಿ

ಎಲ್ಲರಿಗೂ ನಮಸ್ಕಾರ. ನಾನು ದಾವಣಗೆರೆಯ ಪ್ರೌಢಶಾಲೆಯೊಂದರಲ್ಲಿ ಗಣಿತ ಕಲಿಸುತ್ತೇನೆ. ನಮ್ಮ ಯಜಮಾನರು ಚನ್ನಗಿರಿ ತಾಲ್ಲೂಕಿನಲ್ಲಿರುವ ನಾಲ್ಕು ಎಕರೆ ಅಡಿಕೆ ತೋಟ ನೋಡಿಕೊಳ್ಳುತ್ತಾರೆ. ಮಗಳು ಇಲ್ಲೇ ಕಂಪ್ಯೂಟರ್ ವಿಭಾಗದಲ್ಲಿ ಬಿ.ಇ. ಮುಗಿಸಿದ್ದಾಳೆ. ಎಂ.ಎಸ್. ಓದಲು ಅಮೆರಿಕದ ಎರಡು ಸರ್ಕಾರಿ ವಿಶ್ವವಿದ್ಯಾಲಯಗಳಲ್ಲಿ ಅವಳಿಗೆ ಪ್ರವೇಶ ಸಿಕ್ಕಿದೆ. ಒಂದು ಟೆಕ್ಸಾಸ್‌ನಲ್ಲಿದೆ, ಇನ್ನೊಂದು ಪಶ್ಚಿಮ ಭಾಗದ ಬೇರೊಂದು ರಾಜ್ಯದಲ್ಲಿದೆ.

ಟೆಕ್ಸಾಸ್‌ನಿಂದ ಬಂದ ಶುಲ್ಕದ ಪಟ್ಟಿಯಲ್ಲಿ ಎರಡು ಕಾಲಂಗಳಿವೆ. ಒಂದು ಸೆಮಿಸ್ಟರಿನ 9 ಕ್ರೆಡಿಟ್‌ಗಳಿಗೆ ಆ ರಾಜ್ಯದ ನಿವಾಸಿಗಳು ಸುಮಾರು 4,400 ಡಾಲರ್ ಕಟ್ಟಿದರೆ, ಹೊರಗಿನವರು ಸುಮಾರು 8,400 ಡಾಲರ್ ಕಟ್ಟಬೇಕು. 36 ಕ್ರೆಡಿಟ್‌ಗಳನ್ನು ನಾಲ್ಕು ಸೆಮಿಸ್ಟರ್‌ಗಳಲ್ಲಿ ಮುಗಿಸಿದರೆ ಎರಡು ಕಾಲಂಗಳ ನಡುವಿನ ವ್ಯತ್ಯಾಸವೇ 16,000 ಡಾಲರ್ ಆಗುತ್ತದೆ. ಡಾಲರಿಗೆ 85 ರೂಪಾಯಿಯಂತೆ ಹಿಡಿದರೂ ಅದು 13 ಲಕ್ಷ 60 ಸಾವಿರ ರೂಪಾಯಿ. ಊಟ, ವಸತಿ, ವಿಮೆಗಳ ಖರ್ಚನ್ನು ನಾನು ಇದರಲ್ಲಿ ಸೇರಿಸಿಲ್ಲ. ಅವುಗಳಿಗೆ ಹೇಗಾದರೂ ಹೊಂದಿಸಿಕೊಳ್ಳುತ್ತೇವೆ; ಈ ವ್ಯತ್ಯಾಸದ ಮೊತ್ತವನ್ನು ಮಾತ್ರ ತಗ್ಗಿಸಲೇಬೇಕಾಗಿದೆ.

ಇದರ ಬಗ್ಗೆ ಮೂವರು ಮೂರು ಬಗೆಯಾಗಿ ಹೇಳಿದ್ದಾರೆ. ನನ್ನ ತಮ್ಮ ಎಚ್-1ಬಿ ಎಂಬ ಉದ್ಯೋಗ ವೀಸಾದಲ್ಲಿ ಟೆಕ್ಸಾಸ್‌ನ ಡಲ್ಲಾಸ್‌ನಲ್ಲಿದ್ದಾನೆ. ಮಗಳು ಒಂದು ವರ್ಷ ಅವನ ಮನೆಯಲ್ಲಿದ್ದರೆ ಟೆಕ್ಸಾಸ್ ನಿವಾಸಿಯಾಗುತ್ತಾಳೆ ಎಂದು ಬಂಧುಗಳು ಹೇಳುತ್ತಾರೆ. ಪಶ್ಚಿಮದ ರಾಜ್ಯಗಳಲ್ಲಿ ಹೊರಗಿನವರೂ ನಿವಾಸಿಗಳ ಶುಲ್ಕದ ಒಂದೂವರೆ ಪಟ್ಟು ಮಾತ್ರ ಕಟ್ಟಿದರೆ ಸಾಕು ಎಂಬುದು ಕನ್ಸಲ್ಟೆನ್ಸಿಯವರ ಮಾತು. 1,000 ಡಾಲರಿನ ಯಾವುದೇ ವಿದ್ಯಾರ್ಥಿವೇತನ ಸಿಕ್ಕರೆ ಟೆಕ್ಸಾಸ್‌ನಲ್ಲಿ ಹೊರರಾಜ್ಯದ ಶುಲ್ಕವೇ ರದ್ದಾಗುತ್ತದೆ ಎಂದು ಮಗಳ ಸಹಪಾಠಿಯೊಬ್ಬನು ಹೇಳಿದ್ದಾನೆ. ನಮ್ಮ ಸಮಾಜದ ಟ್ರಸ್ಟ್ ಅವಳಿಗೆ ಒಂದು ಲಕ್ಷ ರೂಪಾಯಿ ಕೊಡಲು ಒಪ್ಪಿದೆ, ಅದು 1,000 ಡಾಲರಿಗಿಂತ ಹೆಚ್ಚೇ ಆಗುತ್ತದೆ. ಇವುಗಳಲ್ಲಿ ಯಾವುದನ್ನು ನಂಬಿ ನಾವು ಮುಂದಿನ ಹೆಜ್ಜೆ ಇಡಬಹುದು?

ಉತ್ತರ 1: ಹುಟ್ಟೂರು ದಾವಣಗೆರೆ, ಈಗ ಹ್ಯೂಸ್ಟನ್

ಮೇಡಂ, ನಾನೂ ದಾವಣಗೆರೆಯಲ್ಲೇ ಬಿ.ಇ. ಓದಿ, ಟೆಕ್ಸಾಸ್‌ನ ಸರ್ಕಾರಿ ವಿಶ್ವವಿದ್ಯಾಲಯವೊಂದರಲ್ಲಿ ಎಂ.ಎಸ್. ಮಾಡಿದವಳು. ಮಗಳ ಸಹಪಾಠಿ ಹೇಳಿದ್ದರಲ್ಲಿ ಮುಖ್ಯವಾದ ಅಂಶ ನಿಜ. ಆದರೆ ‘ಯಾವುದೇ ವಿದ್ಯಾರ್ಥಿವೇತನ’ ಎಂಬ ಮಾತು ತಪ್ಪು, ಮತ್ತು ನಿಮ್ಮ 13 ಲಕ್ಷ ರೂಪಾಯಿ ಆ ಒಂದು ಮಾತಿನ ಮೇಲೆಯೇ ನಿಂತಿದೆ.

ಟೆಕ್ಸಾಸ್ ಶಿಕ್ಷಣ ಸಂಹಿತೆಯ 54.213ನೇ ಸೆಕ್ಷನ್ ಪ್ರಕಾರ, ಶೈಕ್ಷಣಿಕ ವರ್ಷವೊಂದಕ್ಕೆ ಕನಿಷ್ಠ 1,000 ಡಾಲರಿನ ಸ್ಪರ್ಧಾತ್ಮಕ ವಿದ್ಯಾರ್ಥಿವೇತನ ಪಡೆದ ಹೊರರಾಜ್ಯದ ವಿದ್ಯಾರ್ಥಿಯು ನಿವಾಸಿಗಳ ದರದಲ್ಲಿ ಬೋಧನಾ ಶುಲ್ಕ ಕಟ್ಟಬಹುದು, ಮತ್ತು ಈ ಸೌಲಭ್ಯ ವಿದೇಶಿ ವಿದ್ಯಾರ್ಥಿಗಳಿಗೂ ಉಂಟು. ಆದರೆ ಆ ವಿದ್ಯಾರ್ಥಿವೇತನವನ್ನು ವಿಶ್ವವಿದ್ಯಾಲಯವು ಅಧಿಕೃತವಾಗಿ ಮಾನ್ಯ ಮಾಡಿದ ಸಮಿತಿಯೇ ನೀಡಿರಬೇಕು, ಟೆಕ್ಸಾಸ್ ನಿವಾಸಿಗಳೂ ಸೇರಿದಂತೆ ಇತರ ವಿದ್ಯಾರ್ಥಿಗಳೊಡನೆ ಸ್ಪರ್ಧಿಸಿ ಅದನ್ನು ಗಳಿಸಿರಬೇಕು. ಹಾಗಾಗಿ ನಿಮ್ಮ ಸಮಾಜದ ಟ್ರಸ್ಟ್ ಕೊಡುವ ಒಂದು ಲಕ್ಷ ರೂಪಾಯಿ ಖರ್ಚಿಗೆ ಒದಗುತ್ತದೆಯೇ ಹೊರತು ಶುಲ್ಕದ ಕಾಲಂ ಬದಲಿಸಲು ಒದಗುವುದಿಲ್ಲ. ವಿಭಾಗದಿಂದಲೋ ಕಾಲೇಜಿನಿಂದಲೋ ಸಿಗುವ 1,000 ಡಾಲರ್ ಮೊತ್ತದಲ್ಲಿ ಅದಕ್ಕಿಂತ ಕಡಿಮೆಯಿದ್ದರೂ, ಅದರ ಬೆನ್ನಿಗೇ ನೀವು ಲೆಕ್ಕ ಹಾಕಿದ ವ್ಯತ್ಯಾಸವೂ ಇಳಿಯುತ್ತದೆ.

ಇದಕ್ಕೊಂದು ಮಿತಿಯೂ ಇದೆ. ಒಂದು ಸೆಮಿಸ್ಟರಿನಲ್ಲಿ ಈ ರಿಯಾಯಿತಿ ಪಡೆಯುವವರ ಸಂಖ್ಯೆಯು ಹಿಂದಿನ ವರ್ಷದ ಅದೇ ಸೆಮಿಸ್ಟರಿನಲ್ಲಿ ಅಲ್ಲಿ ಓದುತ್ತಿದ್ದವರ ಒಟ್ಟು ಸಂಖ್ಯೆಯ ಶೇ 5ನ್ನು ಮೀರುವಂತಿಲ್ಲ. ಆದ್ದರಿಂದ 1,000 ಡಾಲರಿನ ವಿದ್ಯಾರ್ಥಿವೇತನ ಮಂಜೂರಾಗಿಯೂ ರಿಯಾಯಿತಿ ಬಾರದೇ ಹೋಗಬಹುದು. ಮಂಜೂರಾತಿ ಪತ್ರದಲ್ಲಿ ನಿವಾಸಿ ದರವೂ ಅನ್ವಯಿಸುತ್ತದೆ ಎಂಬ ಸಾಲು ಇದೆಯೇ ಎಂದು ನೋಡಿಕೊಳ್ಳಿ. ಇಲ್ಲದಿದ್ದರೆ ಬರೆದು ಕೇಳಿ. ಈ ಸೌಲಭ್ಯವು ಆ ವೇತನದ ಅವಧಿಗಷ್ಟೇ ಸೀಮಿತವಾದ್ದರಿಂದ ಎರಡನೆಯ ವರ್ಷಕ್ಕೆ ಮತ್ತೆ ಅರ್ಜಿ ಹಾಕಬೇಕಾಗುತ್ತದೆ.

ನನ್ನ ವಿಷಯದಲ್ಲಿ ಆದ ತಪ್ಪನ್ನೂ ಹೇಳಿಬಿಡುತ್ತೇನೆ. ಪ್ರವೇಶಕ್ಕೆ ಅರ್ಜಿ ಹಾಕಿದ ಮೇಲೆ ವಿದ್ಯಾರ್ಥಿವೇತನಕ್ಕೂ ನನ್ನ ಹೆಸರನ್ನು ತಾವಾಗಿಯೇ ಪರಿಗಣಿಸುತ್ತಾರೆ ಎಂದು ನಾನು ತಿಳಿದಿದ್ದೆ. ವಿಭಾಗದ ವೇತನಕ್ಕೆ ಪ್ರತ್ಯೇಕ ಅರ್ಜಿಯಿತ್ತು, ಅದರ ಕೊನೆಯ ದಿನ ನಾನು ಪ್ರವೇಶಪತ್ರ ಕೈಗೆ ಬಂದ ಸಂಭ್ರಮದಲ್ಲಿದ್ದಾಗಲೇ ಮುಗಿದುಹೋಗಿತ್ತು. ಮೊದಲ ವರ್ಷ ಪೂರ್ತಿ ಹೊರಗಿನವರ ಶುಲ್ಕವನ್ನೇ ಕಟ್ಟಿದೆ. ಆ ದುಡ್ಡು ಹೊಂದಿಸಲು ಅಪ್ಪ ವಿದ್ಯಾನಗರದ ನಿವೇಶನ ಮಾರಿದರು. ಎರಡನೆಯ ವರ್ಷ, ಓದುತ್ತಿರುವವರಿಗೆಂದೇ ಇದ್ದ ವೇತನ ಸಿಕ್ಕಿ ನಿವಾಸಿ ದರಕ್ಕೆ ಬಂದೆ. ಇಷ್ಟು ಬಿಡಿಸಿ ಬರೆಯಲು ಕಾರಣ ಅದೇ.

ಉತ್ತರ 2: ಚಿತ್ರದುರ್ಗದ ಉಪನ್ಯಾಸಕ

ತಮ್ಮನ ಮನೆಯಲ್ಲಿದ್ದರೆ ನಿವಾಸಿಯಾಗಬಹುದೆಂಬ ಮಾತಿನ ಬಗ್ಗೆ ಮೊದಲು ಬರೆಯುತ್ತೇನೆ. ನಮ್ಮ ಸಿಇಟಿಯಲ್ಲಿ ಸರ್ಕಾರಿ ಸೀಟು ಕೇಳುವವರಿಗೆ ಸಾಮಾನ್ಯವಾಗಿ ಅನ್ವಯಿಸುವ ‘ಕರ್ನಾಟಕದಲ್ಲಿ 7 ವರ್ಷದ ವ್ಯಾಸಂಗ’ದ ನಿಯಮವನ್ನು ನೆನಪಿಸಿಕೊಳ್ಳಿ. ನಮ್ಮ ಜಿಲ್ಲೆಯ ಮೊಳಕಾಲ್ಮುರಿನಿಂದ ಗಡಿ ದಾಟಿದರೆ ಆಂಧ್ರದ ರಾಯದುರ್ಗ. ಅಲ್ಲಿ ಮನೆಮಾತು ಕನ್ನಡವಾಗಿರುವ ಮಗುವಿಗೆ ಚಿತ್ರದುರ್ಗದಲ್ಲಿ ಸೋದರಮಾವ ಇದ್ದಾನೆಂಬ ಒಂದೇ ಕಾರಣಕ್ಕೆ ಇಲ್ಲಿಯ ಸೀಟು ಸಿಗುವುದಿಲ್ಲ. ಅಮೆರಿಕದ ರಾಜ್ಯಗಳೂ ತಮ್ಮ ತೆರಿಗೆದಾರರ ಹಣ ವಿಶ್ವವಿದ್ಯಾಲಯಕ್ಕೆ ಹೋಗುವುದರಿಂದ ತಮ್ಮವರಿಗೆ ಕಡಿಮೆ ದರ ಇಟ್ಟಿವೆ, ತಮ್ಮವರು ಯಾರು ಎಂಬುದನ್ನು ಕಾನೂನಿನಲ್ಲೇ ಬರೆದಿಟ್ಟಿವೆ.

ಎಫ್-1 ವಿದ್ಯಾರ್ಥಿ ವೀಸಾ ಎಂದರೆ ಓದು ಮುಗಿಸಿ ಮರಳುತ್ತೇನೆಂಬ ಒಪ್ಪಂದದ ಮೇಲೆ ಕೊಡುವ ವೀಸಾ. ಆ ವೀಸಾದಲ್ಲಿದ್ದುಕೊಂಡು ಟೆಕ್ಸಾಸ್‌ನಲ್ಲಿ ಎಷ್ಟು ವರ್ಷ ಕಳೆದರೂ ಶುಲ್ಕದ ಲೆಕ್ಕಕ್ಕೆ ಅಲ್ಲಿಯ ಕಾಯಂ ನಿವಾಸಿಯಾಗಲು ಬರುವುದಿಲ್ಲ. ಎಚ್-1ಬಿ ವೀಸಾದಲ್ಲಿರುವ ನಿಮ್ಮ ತಮ್ಮನಿಗೆ ಆ ಅವಕಾಶವಿದೆ, ಎಚ್-4 ವೀಸಾದಲ್ಲಿರುವ ಅವರ ಹೆಂಡತಿ ಮಕ್ಕಳಿಗೂ ಇದೆ. ಬಂಧುಗಳು ಬಹುಶಃ ಅಂಥದ್ದೊಂದು ಕುಟುಂಬವನ್ನು ನೋಡಿ ಹೇಳಿರಬೇಕು. ಸೋದರ ಸೊಸೆ ಆ ಲೆಕ್ಕಕ್ಕೆ ಬರುವುದಿಲ್ಲ. ತಮ್ಮನ ಮನೆಯಲ್ಲಿದ್ದರೆ ಬಾಡಿಗೆ ಉಳಿಯುತ್ತದೆ, ಅದೂ ಕಾಲೇಜು ಡಲ್ಲಾಸ್‌ಗೆ ಹತ್ತಿರವಿದ್ದರೆ.

ಕನ್ಸಲ್ಟೆನ್ಸಿಯವರು ಹೇಳಿದ ಒಂದೂವರೆ ಪಟ್ಟಿನ ಯೋಜನೆಯ ಹೆಸರು ವೆಸ್ಟರ್ನ್ ಅಂಡರ್‌ಗ್ರಾಜುಯೇಟ್ ಎಕ್ಸ್‌ಚೇಂಜ್. ಹೆಸರೇ ಹೇಳುವಂತೆ ಅದು ಪದವಿ ತರಗತಿಗಳಿಗೆ ಸಂಬಂಧಿಸಿದ್ದು, ನಿಮ್ಮ ಮಗಳು ಹೋಗುತ್ತಿರುವುದು ಸ್ನಾತಕೋತ್ತರ ಓದಿಗೆ. ಅಲ್ಲದೆ ಪಶ್ಚಿಮದ ಒಂದು ರಾಜ್ಯದ ನಿವಾಸಿಯು ನೆರೆಯ ಇನ್ನೊಂದು ರಾಜ್ಯಕ್ಕೆ ಓದಲು ಹೋದಾಗ ಹೊರೆ ತಗ್ಗಲಿ ಎಂದು ಆ ರಾಜ್ಯಗಳು ತಮ್ಮೊಳಗೆ ಮಾಡಿಕೊಂಡ ಏರ್ಪಾಡು ಅದು. ದಕ್ಷಿಣದ ರಾಜ್ಯಗಳ ಅಕಾಡೆಮಿಕ್ ಕಾಮನ್ ಮಾರ್ಕೆಟ್ ಕೂಡ ಸದಸ್ಯ ರಾಜ್ಯಗಳ ನಿವಾಸಿಗಳಿಗಾಗಿಯೇ ಇದೆ. ಕರ್ನಾಟಕದಿಂದ ನೇರವಾಗಿ ಹೋಗುವವರು ಇವುಗಳ ಮೇಲೆ ಭರವಸೆ ಇಡಬಾರದು. ಇದನ್ನು ತಿಳಿಯದೆಯೇ ಹೇಳಿದ್ದಾರೋ, ತಿಳಿದೂ ಹೇಳಿದ್ದಾರೋ ನಾನು ನಿರ್ಣಯಿಸಲಾರೆ. ಆದರೆ ಮಾತು ಕೊಟ್ಟವರಿಂದ ಲಿಖಿತವಾಗಿ ಕೇಳುವುದು ನಿಮ್ಮ ಹಕ್ಕು.

ಇದನ್ನು ಓದುತ್ತಿರುವ ಇತರರಿಗಾಗಿ ಒಂದು ಮಾತು ಸೇರಿಸುತ್ತೇನೆ. ಪರಿಶಿಷ್ಟ ಜಾತಿಯವರು, ಭೂರಹಿತ ಕೃಷಿ ಕಾರ್ಮಿಕರು ಮತ್ತು ಸಾಂಪ್ರದಾಯಿಕ ಕುಶಲಕರ್ಮಿಗಳ ಮಕ್ಕಳಿಗೆ ಕೇಂದ್ರ ಸರ್ಕಾರದ ರಾಷ್ಟ್ರೀಯ ಸಾಗರೋತ್ತರ ವಿದ್ಯಾರ್ಥಿವೇತನವಿದೆ. ಕುಟುಂಬದ ವಾರ್ಷಿಕ ಆದಾಯ 8 ಲಕ್ಷದೊಳಗಿದ್ದು ಆಯ್ಕೆಯಾದವರ ಪಾಲಿಗೆ ಶುಲ್ಕದ ಈ ಎರಡು ಕಾಲಂಗಳ ಚಿಂತೆಯೇ ಇರುವುದಿಲ್ಲ, ಏಕೆಂದರೆ ಬೋಧನಾ ಶುಲ್ಕವನ್ನು ಸರ್ಕಾರವೇ ಭರಿಸುತ್ತದೆ. ನಮ್ಮ ಜಿಲ್ಲೆಯ ಎಷ್ಟೋ ಮಕ್ಕಳಿಗೆ ಈ ಯೋಜನೆಯ ಹೆಸರೇ ತಿಳಿದಿಲ್ಲವೆಂಬುದು ನನಗೆ ನೋವು ತರುವ ಸಂಗತಿ.

ಉತ್ತರ 3: ನಿವೃತ್ತ ಬ್ಯಾಂಕ್ ಅಧಿಕಾರಿ, ದಾವಣಗೆರೆ

ತಾಯಿ, ಸಾಲದ ಕಡೆಯಿಂದ ಎರಡು ಮಾತು. ಬ್ಯಾಂಕು ಮಂಜೂರು ಮಾಡುವ ಮೊತ್ತವೇ ನಿಮ್ಮ ಸಾಲವಲ್ಲ. ಪ್ರತಿ ಸೆಮಿಸ್ಟರಿಗೆ ವಿಶ್ವವಿದ್ಯಾಲಯ ಕೇಳಿದ ಶುಲ್ಕವನ್ನಷ್ಟೇ ಬಿಡುಗಡೆ ಮಾಡಿಸಿಕೊಳ್ಳಿ, ಬಡ್ಡಿ ಬೀಳುವುದು ಬಿಡುಗಡೆಯಾದ ಹಣಕ್ಕೆ ಮಾತ್ರ. ರಿಯಾಯಿತಿ ಸಿಕ್ಕ ಕೂಡಲೇ ಪರಿಷ್ಕೃತ ಶುಲ್ಕಪತ್ರವನ್ನು ಶಾಖೆಗೆ ಕೊಟ್ಟರೆ ಸೆಮಿಸ್ಟರಿಗೆ ತಗ್ಗುವ 4,000 ಡಾಲರಿನ ಜೊತೆಗೆ ಅದರ ಬಡ್ಡಿಯೂ ಉಳಿಯುತ್ತದೆ.

ತೋಟವನ್ನು ಅಡವಿಡುವ ಯೋಚನೆ ನಿಮಗಿದ್ದರೆ ಅದು ನಡೆಯುವುದು ಕಷ್ಟ. ಸಾಲ ತೀರದಿದ್ದರೆ ಅಡವಿಟ್ಟ ಆಸ್ತಿಯನ್ನು ಬ್ಯಾಂಕೇ ವಶಪಡಿಸಿಕೊಳ್ಳಲು 2002ರ ಸರ್ಫೇಸಿ ಕಾಯ್ದೆ ಕೊಡುವ ವಸೂಲಾತಿ ಅಧಿಕಾರ ಕೃಷಿ ಭೂಮಿಗೆ ಅನ್ವಯಿಸದ ಕಾರಣ ಬ್ಯಾಂಕುಗಳು ಶಿಕ್ಷಣ ಸಾಲಕ್ಕೆ ಮನೆ ಅಥವಾ ನಿವೇಶನವನ್ನೇ ಕೇಳುತ್ತವೆ. ಸರ್ಕಾರಿ ಬ್ಯಾಂಕುಗಳ ಸಾಮಾನ್ಯ ಯೋಜನೆಯಲ್ಲಿ ಏಳೂವರೆ ಲಕ್ಷದವರೆಗೆ ಆಸ್ತಿಯ ಅಡಮಾನ ಬೇಕಿಲ್ಲ. ಶುಲ್ಕವನ್ನು ತಗ್ಗಿಸಿ ಆ ಮಿತಿಯ ಹತ್ತಿರ ತರಲು ಸಾಧ್ಯವಾದರೆ ನಿಮಗೆ ಎಷ್ಟು ನಿರಾಳವೆಂಬುದನ್ನು ಲೆಕ್ಕ ಬಲ್ಲ ನಿಮಗೆ ನಾನು ಹೇಳಬೇಕಿಲ್ಲ.

ಮರುಪ್ರಶ್ನೆ: ದಾವಣಗೆರೆಯ ಶಿಕ್ಷಕಿ

ಮೂವರಿಗೂ ಕೃತಜ್ಞಳಾಗಿದ್ದೇನೆ. ತಮ್ಮನ ಮನೆಯ ವಿಷಯವನ್ನೂ ಒಂದೂವರೆ ಪಟ್ಟಿನ ವಿಷಯವನ್ನೂ ಇಂದಿಗೆ ಕೈಬಿಟ್ಟೆವು. ಹ್ಯೂಸ್ಟನ್‌ನಲ್ಲಿರುವ ಸಹೋದರಿಯವರಲ್ಲಿ ಇನ್ನೆರಡು ಪ್ರಶ್ನೆಗಳಿವೆ. ವಿದ್ಯಾರ್ಥಿವೇತನದ ಅರ್ಜಿಯ ದಿನ ಈಗಾಗಲೇ ಮುಗಿದಿದ್ದರೆ ಬೇರೆ ದಾರಿಯಿದೆಯೇ? ಕ್ರೆಡಿಟ್‌ಗಳನ್ನು ಹಂಚಿಕೊಳ್ಳುವ ಬಗೆಯಿಂದ ಏನಾದರೂ ಉಳಿಸಬಹುದೇ?

ಉತ್ತರ 4: ಹುಟ್ಟೂರು ದಾವಣಗೆರೆ, ಈಗ ಹ್ಯೂಸ್ಟನ್

ದಾರಿಯಿದೆ, ಅದೂ ಅದೇ ಕಾನೂನಿನಲ್ಲಿದೆ. 54.212ನೇ ಸೆಕ್ಷನ್ ಪ್ರಕಾರ, ತನ್ನ ವ್ಯಾಸಂಗಕ್ಕೆ ಸಂಬಂಧಿಸಿದ ಹುದ್ದೆಯಲ್ಲಿ ಕನಿಷ್ಠ ಅರ್ಧಾವಧಿ ಕೆಲಸ ಮಾಡುವ ಬೋಧನಾ ಸಹಾಯಕಿ ಅಥವಾ ಸಂಶೋಧನಾ ಸಹಾಯಕಿ ನಿವಾಸಿ ದರದಲ್ಲೇ ಶುಲ್ಕ ಕಟ್ಟುತ್ತಾಳೆ. ಅರ್ಧಾವಧಿಯೆಂದರೆ ವಾರಕ್ಕೆ 20 ಗಂಟೆ. ತರಗತಿಗಳು ನಡೆಯುವಾಗ ಎಫ್-1 ವಿದ್ಯಾರ್ಥಿಯು ಕ್ಯಾಂಪಸ್ಸಿನೊಳಗೆ ದುಡಿಯಬಹುದಾದ ಮಿತಿಯೂ ಅಷ್ಟೇ ಆಗಿದೆ. ಇಲ್ಲಿ ಎರಡು ವಿಷಯಗಳಲ್ಲಿ ಎಚ್ಚರ ಬೇಕು. 10 ಗಂಟೆಯ ಹುದ್ದೆ ಸಿಕ್ಕರೆ ಸಂಬಳ ಬರುತ್ತದೆ, ಆದರೆ ಈ ಸೆಕ್ಷನ್ನಿನ ರಿಯಾಯಿತಿ ಬರುವುದಿಲ್ಲ. ಗ್ರಂಥಾಲಯದ ಅಥವಾ ಊಟದ ಹಾಲ್‌ನ ಕೆಲಸ ಇದಕ್ಕೆ ಲೆಕ್ಕವಿಲ್ಲ. ಎಂ.ಎಸ್.ನ ಮೊದಲ ಸೆಮಿಸ್ಟರಿನಲ್ಲೇ ಇಂತಹ ಹುದ್ದೆ ಸಿಗುವುದು ಅಪರೂಪ, ಆದರೂ ಸಂಶೋಧನಾ ಪ್ರಬಂಧ ಬರೆಯುವ ಆಯ್ಕೆಯಿರುವ ಕೋರ್ಸಿನವರಿಗೆ ಅಧ್ಯಾಪಕರ ಒಡನಾಟ ಬೇಗ ಸಿಗುತ್ತದೆ. ಈಗಿನಿಂದಲೇ ಮಗಳು ಇಬ್ಬರು ಮೂವರು ಅಧ್ಯಾಪಕರ ಸಂಶೋಧನೆಯನ್ನು ಓದಿ, ತನ್ನ ಬಿ.ಇ. ಪ್ರಾಜೆಕ್ಟಿಗೂ ಅದಕ್ಕೂ ಇರುವ ಸಂಬಂಧವನ್ನು ನಾಲ್ಕು ಸಾಲಿನಲ್ಲಿ ಬರೆದು ಕಳುಹಿಸಲಿ. ಎಲ್ಲರಿಗೂ ಒಂದೇ ಪತ್ರ ಕಳುಹಿಸಿದರೆ ಯಾರೂ ಉತ್ತರಿಸುವುದಿಲ್ಲ.

ಕ್ರೆಡಿಟ್ ವಿಷಯದಲ್ಲಿ ನಿಮ್ಮ ಗಣಿತಕ್ಕೆ ಕೆಲಸವಿದೆ. ಸ್ನಾತಕೋತ್ತರ ವಿದ್ಯಾರ್ಥಿಗೆ ಸಾಮಾನ್ಯವಾಗಿ 9 ಕ್ರೆಡಿಟ್ ಪೂರ್ಣಾವಧಿ. ಕೊನೆಯ ಸೆಮಿಸ್ಟರಿನಲ್ಲಿ ಪದವಿಗೆ ಬೇಕಾದ ಕ್ರೆಡಿಟ್‌ಗಳು ಅದಕ್ಕಿಂತ ಕಡಿಮೆ ಉಳಿದಿದ್ದರೆ, ಅಂತರರಾಷ್ಟ್ರೀಯ ವಿದ್ಯಾರ್ಥಿಗಳ ಕಚೇರಿಯ ಅನುಮತಿ ಪಡೆದು ಉಳಿದಷ್ಟನ್ನೇ ತೆಗೆದುಕೊಳ್ಳಬಹುದು. ರಿಯಾಯಿತಿ ಇರುವ ವರ್ಷದಲ್ಲಿ ಹೆಚ್ಚು ಕ್ರೆಡಿಟ್, ಇಲ್ಲದ ವರ್ಷದಲ್ಲಿ ಪೂರ್ಣಾವಧಿಗೆ ಬೇಕಾದಷ್ಟೇ ಎಂದು ಹಂಚಿಕೊಂಡರೆ ಉಳಿತಾಯ ಗಣನೀಯವಾಗುತ್ತದೆ. ನಾನು ಎರಡನೆಯ ವರ್ಷದಲ್ಲಿ ಹಾಗೆಯೇ ಮಾಡಿದೆ.

ವಿಭಾಗದ ಸ್ನಾತಕೋತ್ತರ ಕೋರ್ಸಿನ ಸಂಯೋಜಕರಿಗೆ ಬರೆಯುವಾಗ ‘ಏನಾದರೂ ಸಹಾಯವಿದೆಯೇ’ ಎಂದು ಕೇಳಬೇಡಿ. ಈ ಶೈಕ್ಷಣಿಕ ವರ್ಷಕ್ಕೆ ಹೊಸ ವಿದೇಶಿ ವಿದ್ಯಾರ್ಥಿಗಳು ಅರ್ಜಿ ಹಾಕಬಹುದಾದ 1,000 ಡಾಲರಿನ ಸ್ಪರ್ಧಾತ್ಮಕ ವೇತನಗಳು ಯಾವುವು, ಅವುಗಳ ಕೊನೆಯ ದಿನ ಯಾವುದು, ಅವುಗಳೊಡನೆ ಹೊರರಾಜ್ಯ ಶುಲ್ಕದ ವಿನಾಯಿತಿ ಬರುತ್ತದೆಯೇ ಎಂಬ ಮೂರನ್ನು ನೇರವಾಗಿ ಕೇಳಲಿ. ಎರಡನೆಯ ವಿಶ್ವವಿದ್ಯಾಲಯಕ್ಕೂ ಇದೇ ಬಗೆಯ ಪತ್ರ ಹೋಗಲಿ, ಏಕೆಂದರೆ ಬೇರೆ ರಾಜ್ಯಗಳ ವಿಶ್ವವಿದ್ಯಾಲಯಗಳಲ್ಲೂ ಅವವುಗಳದೇ ವಿನಾಯಿತಿಗಳು ಇರಬಹುದು.

ದಾವಣಗೆರೆಯ ಶಿಕ್ಷಕಿ, ಆರು ದಿನಗಳ ನಂತರ

ಎರಡೂ ಕಡೆಯಿಂದ ಉತ್ತರ ಬಂದಿದೆ. ಪಶ್ಚಿಮದ ವಿಶ್ವವಿದ್ಯಾಲಯವು ಈ ಕೋರ್ಸಿಗೆ ಯಾವ ವಿನಾಯಿತಿಯೂ ಇಲ್ಲವೆಂದು ಒಂದೇ ಸಾಲಿನಲ್ಲಿ ತಿಳಿಸಿದೆ. ಟೆಕ್ಸಾಸ್‌ನ ಸಂಯೋಜಕರು, ವಿಭಾಗದ ವೇತನಕ್ಕೆ ಇನ್ನೂ ಹನ್ನೊಂದು ದಿನ ಸಮಯವಿದೆಯೆಂದೂ ಆಯ್ಕೆಯಾದವರ ಹೆಸರನ್ನು ವಿನಾಯಿತಿಗೆ ತಾವೇ ಶಿಫಾರಸು ಮಾಡುವುದಾಗಿಯೂ ಬರೆದು, ಅರ್ಜಿಯ ಕೊಂಡಿಯನ್ನೂ ಕಳುಹಿಸಿದ್ದಾರೆ. ಮಗಳು ನಿನ್ನೆ ರಾತ್ರಿಯೇ ಅರ್ಜಿ ತುಂಬಿದ್ದಾಳೆ. ಶಿಫಾರಸು ಪತ್ರಕ್ಕಾಗಿ ಇಂದು ಬೆಳಿಗ್ಗೆ ತನ್ನ ಕಾಲೇಜಿಗೆ ಹೋಗಿದ್ದಾಳೆ.