ಹಲಸಿನ ಮರದ ಅಕ್ಷರಗಳು

ನಮ್ಮ ಅಜ್ಜ ಕನ್ನಡ ಸಾಲೆಯ ಮಾಸ್ತರರಾಗಿದ್ದರು. ಅವರ ನೆನಪಿಗೆಂದು ‘ಮಾಸ್ತರರ ಮನೆತನ’ ಗುಂಪಿನಲ್ಲಿ ಪೂರ್ಣ ವಾಕ್ಯಗಳನ್ನೇ ಬರೆಯಬೇಕೆಂಬ ಕಟ್ಟಳೆಯಿದ್ದು, ಜಗಳವಾಡುವಾಗಲೂ ಅದನ್ನು ಯಾರೂ ಮೀರುವುದಿಲ್ಲ. ಕಳೆದ ರವಿವಾರ ನಡೆದದ್ದನ್ನು ಇದ್ದಂತೆಯೇ ಇಡುತ್ತಿದ್ದೇನೆ.

ಬಸವರಾಜ ಕಾಕಾ: “ಖಾನಾಪುರದ ಕಾಡಿನ ಮರಗಳಿಗೆ ತೊನ್ನು ಹತ್ತಿದೆ. ತೊಗಟೆಯ ಮೇಲೆ ಬಿಳಿ ಮಚ್ಚೆ, ಅದರಲ್ಲಿ ಕಪ್ಪು ಗೆರೆ ಕಂಡರೆ ಕೂಡಲೇ ಕೆರೆದು ಸುಣ್ಣ ಬಳಿಯಿರಿ. ಹತ್ತು ಜನರಿಗೆ ಕಳಿಸಿರಿ.” ಇದು ಚಿತ್ರದೊಂದಿಗೆ ನನಗೆ ಬಂದ ಸಂದೇಶ. 2013ರಲ್ಲಿ ನಾನು ಇದನ್ನೇ ಹೇಳಿದಾಗ ಎಲ್ಲರೂ ನಕ್ಕಿದ್ದಿರಿ.

ಮಹಾಂತೇಶ (ಬೆಳಗಾವಿ): ಕಾಕಾ, ಇದು ಯಾವ ಇಲಾಖೆಯ ಪ್ರಕಟಣೆ, ದಿನಾಂಕ ಯಾವುದು? ‘ಅನೇಕ ಸಲ ಕಳಿಸಲಾಗಿದೆ’ ಎಂಬ ಮೇಲಿನ ಸಾಲೊಂದನ್ನು ಬಿಟ್ಟರೆ ಇದರಲ್ಲಿ ನಂಬುವಂಥದ್ದೇನೂ ಕಾಣಲಿಲ್ಲ.

ಬಸವರಾಜ ಕಾಕಾ: ಲೆಕ್ಕ ತಪಾಸಣೆಯನ್ನು ಆಫೀಸಿನಲ್ಲಿ ಮಾಡು ತಮ್ಮಾ. ಹಿರಿಯರ ಮಾತಿಗೆ ರಸೀದಿ ಕೇಳುವ ರೂಢಿ ನಮ್ಮ ಮನೆಯಲ್ಲಿ ಇರಲಿಲ್ಲ.

ರವಿ (ವಿಜಯಪುರ): ಚಿತ್ರ ನೋಡಿದೊಡನೆ ಜಾಂಬೋಟಿ ಕಡೆಯ ನಮ್ಮ ಹಳೆಯ ಮನೆಯ ಹಲಸಿನ ಮರ ಕಣ್ಣ ಮುಂದೆ ನಿಂತಿತು. ಅಜ್ಜ ನಮ್ಮನ್ನು ಅದರೆದುರು ನಿಲ್ಲಿಸಿ, ಆ ಗೆರೆಗಳಲ್ಲಿ ನಮ್ಮ ನಮ್ಮ ಹೆಸರಿನ ಮೊದಲ ಅಕ್ಷರ ಹುಡುಕಿಸುತ್ತಿದ್ದರು. ನನಗೆ ‘ರ’ ಸಿಕ್ಕಿತ್ತು, ಮಹಾಂತೇಶ ‘ಮ’ ಸಿಗದೆ ಅತ್ತಿದ್ದ. ಒಮ್ಮೆ ನಾನು ಉಗುರಿನಿಂದ ಗೀರಿದಾಗ ಒಳಗೆ ಕಿತ್ತಳೆ ಬಣ್ಣ ಕಂಡಿತು, ಬೆನ್ನ ಮೇಲೆ ಅಜ್ಜನ ಏಟೂ ಬಿತ್ತು.

ಮಹಾಂತೇಶ: ಅದು ‘ರ’ ಆಗಿರಲಿಲ್ಲ, ಬರೀ ಸೊಟ್ಟ ಗೆರೆ. ನಾನು ಅತ್ತದ್ದಕ್ಕೂ ಆಧಾರವಿಲ್ಲ.

ಶಾಂತಾ ಅತ್ತಿ (ಬಾಗಲಕೋಟೆ): ನೀನು ಅತ್ತದ್ದಕ್ಕೆ ನಾನೇ ಆಧಾರ. ಕಣ್ಣೊರೆಸಿದ್ದು ನನ್ನ ಸೆರಗು.

ವಿದ್ಯಾ: ರವಿ ಅಣ್ಣ ಕಂಡ ಕಿತ್ತಳೆ ಬಣ್ಣ ಟ್ರೆಂಟೆಪೋಲಿಯಾ ಎಂಬ ಪಾಚಿಯದು. ಆ ಮಚ್ಚೆ ರೋಗವಲ್ಲ, ಪಾಚಿಯೂ ಶಿಲೀಂಧ್ರವೂ ಕೂಡಿ ಬಾಳುವ ಕಲ್ಲುಹೂವು. ಬಿಸಿಲಿನಿಂದ ಆಹಾರ ತಯಾರಿಸುವ ಕೆಲಸ ಪಾಚಿಯದು, ಅದನ್ನು ಒಣಗದಂತೆ ಮುಚ್ಚಿಟ್ಟುಕೊಳ್ಳುವುದು ಶಿಲೀಂಧ್ರ. ಅದಕ್ಕೆ ಬೇರಿಲ್ಲದ್ದರಿಂದ ಮರದ ರಸ ಹೀರುವ ಮಾತೇ ಇಲ್ಲ. ತೊಗಟೆ ಬರೀ ಕೂಡ್ರುವ ಕಟ್ಟೆ, ನೀರು ಬರುವುದು ಮಳೆ ಮಂಜಿನಿಂದ. ಅಕ್ಷರದಂತೆ ಕಾಣುವವು ಶಿಲೀಂಧ್ರದ ಬೀಜಕಣಗಳು ಹುಟ್ಟುವ ಸೀಳುಗಳು. ಇಂಥದೇ ಒಂದಕ್ಕೆ ಸ್ವೀಡನ್ನಿನ ಸಸ್ಯವಿಜ್ಞಾನಿ ಲಿನೇಯಸ್ 1753ರಲ್ಲಿ ‘ಬರೆದದ್ದು’ ಎಂಬ ಅರ್ಥದ ಹೆಸರಿಟ್ಟ. ಅಜ್ಜ ಹೇಳಿದ್ದೂ ಅದನ್ನೇ.

ಶಾಂತಾ ಅತ್ತಿ: ಮಸಾಲೆಗೆ ಹುರಿದು ಹಾಕುವ ದಗಡಫೂಲವೂ ಇದೇ ಏನು?

ವಿದ್ಯಾ: ಬಳಗ ಒಂದೇ, ಜಾತಿ ಬೇರೆ. ದಗಡಫೂಲವನ್ನು ಎಲೆಯಂತೆ ಬಿಡಿಸಬಹುದು. ಇದು ತೊಗಟೆಗೆ ಹೆಪ್ಪಿನಂತೆ ಅಂಟಿರುತ್ತದೆ.

ಮಹಾಂತೇಶ: ಚಿತ್ರದಲ್ಲಿರುವುದು ಯಾವ ಜಾತಿ? ಅಪರೂಪದ್ದೇ?

ವಿದ್ಯಾ: ಸೀಳನ್ನು ತೆಳ್ಳಗೆ ಕೊಯ್ದು ಬೀಜಕಣಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡದೆ ಅದನ್ನು ಹೇಳಲಾಗದು. ಆದರೆ ಈ ಕುಟುಂಬದ ಕೆಲವು ಜಾತಿಗಳು ಕೊಡಲಿ ಬೀಳದ ಹಳೆಯ ಮಳೆಕಾಡಿನ ತಂಪು ನೆರಳಿನಲ್ಲಿ ಮಾತ್ರ ಇರುತ್ತವೆ. ಕಾಡು ಕೆಡದೆ ಉಳಿದಿದೆಯೇ ಎಂದು ತಿಳಿಯಲು ಸಂಶೋಧಕರು ಅವುಗಳನ್ನೇ ಹುಡುಕುತ್ತಾರೆ. ದೊಡ್ಡ ಮರಗಳು ಉರುಳಿ ಬಿಸಿಲು ಒಳನುಗ್ಗಿದರೆ ಅವು ಒಣಗುತ್ತವೆ. ವರ್ಷಕ್ಕೆ ಕೆಲವೇ ಮಿಲಿಮೀಟರ್ ಬೆಳೆಯುವ ಜೀವಿಗೆ ತೆಂಗಿನ ನಾರಿನಿಂದ ಹತ್ತು ನಿಮಿಷ ಉಜ್ಜಿದರೆ ಸಾಕು. 2011ರಲ್ಲಿ ಅಭಯಾರಣ್ಯವಾದ ಭೀಮಗಡ ಅದೇ ಖಾನಾಪುರ ತಾಲೂಕಿನಲ್ಲಿದೆ. ಈ ಸಂದೇಶ ನಂಬಿ ಯಾರಾದರೂ ಸುಣ್ಣದ ಬಕೀಟು ಹಿಡಿದು ಅತ್ತ ಹೊರಟರೆ ಗತಿಯೇನು?

ಶಾಂತಾ ಅತ್ತಿ: ಹಾಗಾದರೆ ಬಸವರಾಜಾ, ತೊನ್ನು ಹತ್ತಿದೆ ಎಂದು ನನ್ನನ್ನು ಒಂದು ಮಾತೂ ಕೇಳದೆ ಹಲಸಿನ ಮರ ಮಾರಿದೆಯಲ್ಲ, ಅದಕ್ಕೆ ಏನೂ ಆಗಿರಲಿಲ್ಲವೇ?

ಇದಾದ ಮೇಲೆ ಸುಮಾರು ನಲವತ್ತು ನಿಮಿಷ ಗುಂಪಿನಲ್ಲಿ ಯಾರೂ ಮಾತಾಡಲಿಲ್ಲ. ಕಾಕಾ ಮಾತ್ರ ನಡುನಡುವೆ ‘ಟೈಪಿಸುತ್ತಿದ್ದಾರೆ’ ಎಂದು ಕಾಣಿಸಿಕೊಂಡು ಮಾಯವಾಗುತ್ತಿದ್ದರು.

ಬಸವರಾಜ ಕಾಕಾ: ಹಿತ್ತಲಿನ ಮಾವಿನ ಮರವನ್ನು ಕೆರೆದು ಸುಣ್ಣ ಹಚ್ಚಲು ಮುಂಜಾನೆಯೇ ಆಳಿಗೆ ಹೇಳಿಬಿಟ್ಟಿದ್ದೇನೆ. ಈಗ ಅವನ ಫೋನು ಹತ್ತುತ್ತಿಲ್ಲ. ಮಹಾಂತೇಶ, ನೀನೇ ಹತ್ತಿರವಿದ್ದೀ, ಗಾಡಿ ತೆಗೆದುಕೊಂಡು ಹೋಗಿ ನಿಲ್ಲಿಸು. ಹಲಸಿನ ಮರದ ಮಾತು ಬೇರೆ, ಅದು ಒಳಗೆ ಟೊಳ್ಳಾಗಿತ್ತು.

ಮಹಾಂತೇಶ: ಹೊರಟಿದ್ದೇನೆ ಕಾಕಾ. ಟೊಳ್ಳಾಗಿತ್ತು ಎಂಬುದಕ್ಕೆ ಆಧಾರವನ್ನು ಬಂದ ಮೇಲೆ ಕೇಳುತ್ತೇನೆ.