ಹೆಬ್ಬೇವು (ದಿಮ್ಮಿಗೆ ಬೆಳೆಸುವ ಮರ) ಇಡುವ ಮುಂಚೆ ಕಳೆಗೆ ಏನು ಮಾಡಿದ್ರಿ? ಅನುಭವ ಹೇಳಿ

ಹಿರಿಯೂರಿನವನು: 2 ಎಕರೆ ಕೆಂಪು ಮಣ್ಣು, ನಾಲ್ಕು ವರ್ಷದಿಂದ ಬೀಳು ಬಿದ್ದಿದೆ. ಅರ್ಧ ಲಂಟಾನ ಪೊದೆ, ಅರ್ಧ ಕೊನ್ನಾರಿ (ನೆಲದೊಳಗೆ ಗೆಡ್ಡೆ ಬಿಡುವ ಕಳೆ). ಜೂನ್‌ನಲ್ಲಿ ಹೆಬ್ಬೇವು ಇಡಬೇಕು. ಔಷಧಿ ಹೊಡೆಯಲೋ, ಉಳುಮೆ ಮಾಡಿಸಲೋ? ಪಕ್ಕದ ಹೊಲದಲ್ಲಿ ಟೊಮೆಟೊ ಇದೆ.

ಹುಣಸೂರು ರೈತ: ನಾನು ಜೆಸಿಬಿ ತರಿಸಿದೆ. ಗಂಟೆಗೆ 1,200ರಂತೆ 11 ಗಂಟೆ, 13,200 ರೂಪಾಯಿ. ಡ್ರೈವರ್ ಊಟ, ಬೀಡಿ ಅಂತ ಇನ್ನೊಂದು 500. ಮೇಲ್ಮಣ್ಣೆಲ್ಲ ಬದುವಿಗೆ ಹೋಯಿತು. ಬುಡ ಮುರಿದ ಲಂಟಾನ ಮೊದಲ ಮಳೆಗೇ ಮತ್ತೆ ಪೊದೆಯಾಯಿತು. ಕೊನೆಗೆ ಇಬ್ಬರು ಆಳು ಗುದ್ದಲಿ ಹಿಡಿದು, ಮಣ್ಣಿನಿಂದ ಎರಡು ಇಂಚು ಕೆಳಗೆ ಬೇರು ಕಡಿದು, ತಲೆಕೆಳಗು ಮಾಡಿ ಒಣಹಾಕಿದರು. ಅದು ಮತ್ತೆ ಚಿಗುರಲಿಲ್ಲ. ಮೊದಲೇ ಇದನ್ನು ಮಾಡಿದ್ದರೆ 13,700 ಉಳಿಯುತ್ತಿತ್ತು. ಈಗಲೂ ಹೊಟ್ಟೆ ಉರಿಯುತ್ತದೆ.

ಶಿರಾ ಕಡೆಯವನು: ಕೊನ್ನಾರಿಗೆ ಮಾತ್ರ ರೋಟವೇಟರ್ ಹೊಡೆಸಬೇಡಿ. ನಾನು ಹೊಡೆಸಿದೆ. ಗೆಡ್ಡೆಯೆಲ್ಲ ಎಳೆದಾಡಿ ಹೊಲದ ತುಂಬ ನಾನೇ ಬಿತ್ತಿದ ಹಾಗಾಯಿತು. ಆಮೇಲೆ ಗ್ಲೈಫೋಸೇಟ್ ಅನ್ನೋ ಕಳೆನಾಶಕ, 15 ಲೀಟರ್ ಟ್ಯಾಂಕಿಗೆ 100 ಎಂಎಲ್, ಎಕರೆಗೆ 11 ಟ್ಯಾಂಕು. ಮೊದಲ ಸಲ ಬೋರಿನ ಗಡಸು ನೀರಲ್ಲಿ ಕಲಸಿದೆ. ಸುಮ್ನೆ ಹಳದಿಯಾಗಿ ಮತ್ತೆ ಎದ್ದಿತು. ಎರಡನೇ ಸಲ ಮಳೆನೀರು ಹಿಡಿದಿಟ್ಟು ಹೊಡೆದೆ, ಆಗ ಸತ್ತಿತು. ಅಷ್ಟರಲ್ಲಿ ಸಸಿ ಇಟ್ಟಾಗಿತ್ತು. 12 ಅಡಿಗೊಂದರಂತೆ ಎಕರೆಗೆ 302. ಹುಡುಗ ನಾಜಲ್‌ಗೆ ಹುಡ್ (ಔಷಧಿ ಆಚೆ ಹಾರದಂತೆ ತಡೆಯುವ ಮುಚ್ಚಳ) ಹಾಕದೆ ಹೊಡೆದ. ಎಳೆ ಸಸಿಯ ತೊಗಟೆ ಹಸಿರು ಅಲ್ವಾ, ಎಲೆ ಥರ ಕುಡಿದುಬಿಡುತ್ತದೆ. 64 ಹೋದವು. ಸಸಿ ದುಡ್ಡು 1,600 ಹೋಗಲಿ, ಒಂದು ವರ್ಷ ಯಾರು ಕೊಡುತ್ತಾರೆ?

ಅರಸೀಕೆರೆ ಅಜ್ಜ: ವಿಷ ಹೊಡೆದು ಸಸಿ ಸತ್ತವು ಅಂತ ಅಳೋದು ಯಾಕೆ? 2022ರ ಅಕ್ಟೋಬರ್‌ನಲ್ಲೇ ಕೇಂದ್ರ ಸರ್ಕಾರ ಗ್ಲೈಫೋಸೇಟನ್ನು ಪರವಾನಗಿ ಇರುವ ಕೀಟ ನಿಯಂತ್ರಕರು ಮಾತ್ರ ಹೊಡೆಯಬೇಕು ಅಂತ ಆದೇಶ ಮಾಡಿತು. ಕಳೆ ಅಡಗಲಿ ಅಂತ ನಾನು ಸಾಲಿನ ನಡುವೆ ಅಲಸಂದೆ ಚೆಲ್ಲಿದೆ, ಬುಡದ ಸುತ್ತ ಮೂರು ಸಲ ಕಳೆ ತೆಗೆಸಿದೆ. ಒಂದೂ ಸಸಿ ಸಾಯಲಿಲ್ಲ.

ಶಿರಾ ಕಡೆಯವನು: ಆ ಪರವಾನಗಿಯವರು ನಿಮ್ಮೂರಲ್ಲಿ ಎಷ್ಟು ಜನ ಇದ್ದಾರೆ, ತೋರಿಸಿ ಅಜ್ಜಾ. ಮೂರು ಸಲದ ಕೂಲಿ ಎಷ್ಟು ಅಂತ ಹೇಳಲೇ ಇಲ್ಲ.

ಅರಸೀಕೆರೆ ಅಜ್ಜ: ಸಲಕ್ಕೆ 6 ಆಳು, ತಲೆಗೆ 450. ಒಟ್ಟು 8,100. ಮುಚ್ಚಿಡೋದೇನಿದೆ?

ಶಿರಾ ಕಡೆಯವನು: ಮನೆಯವರು ಬಗ್ಗಿ ಕಿತ್ತಿದ್ದು ಪುಕ್ಕಟೆ, ಅಲ್ವಾ?

ಕೋಲಾರದವಳು: ಟೊಮೆಟೊ ಅಂದರಲ್ಲ, ಕೇಳಿ. ಪಕ್ಕದವರು ಬದುವಿಗೆ 2,4-ಡಿ ಅನ್ನೋ ಕಳೆನಾಶಕ ಹೊಡೆದರು. ಗಾಳಿ ನಮ್ಮ ಕಡೆ. ಮೂರು ದಿನಕ್ಕೆ ನಮ್ಮ ಟೊಮೆಟೊ ಎಲೆಯೆಲ್ಲ ಸುರುಳಿ. ನಾಟಿ ಕೂಲಿ, ಕೋಲು, ದಾರ ಸೇರಿ 42,000 ಹಾಕಿದ್ದೆ. ಪಂಚಾಯಿತಿ ಸೇರಿಸಿದರೆ 'ರೋಗ ಇರಬೇಕು' ಅಂದರು. ಔಷಧಿ ಹೊಡೆಯೋರಿಗೆ ಕಣ್ಣೂ ಇರೋಲ್ಲ, ನಾಚಿಕೆಯೂ ಇರೋಲ್ಲ.

ಶಿರಾ ಕಡೆಯವನು: ಆ ಪಕ್ಕದವನು ನಾನಲ್ಲಮ್ಮ. ನಾನು ಹೊಡೆದ ಔಷಧಿಯೇ ಬೇರೆ.

ಹುಣಸೂರು ರೈತ: ಅಜ್ಜಾ, ಅಲಸಂದೆ ಹಾಕಿದರೆ ಊರ ಮೇಕೆಯೆಲ್ಲ ಅಲ್ಲೇ ಇರುತ್ತವೆ. ನನ್ನ ಹೆಬ್ಬೇವಿನ ಚಿಗುರನ್ನೂ ಬಿಡಲಿಲ್ಲ.

ಅರಸೀಕೆರೆ ಅಜ್ಜ: ಬೇಲಿ ಹಾಕದವನು ಮೇಕೆಗೆ ಬೈಯಬಾರದು.

ಹಿರಿಯೂರಿನವನು: ಅಣ್ಣಂದಿರೇ, ನನ್ನ ಕೊನ್ನಾರಿ?

ಹುಣಸೂರು ರೈತ: ಇರಿ ಸ್ವಲ್ಪ. ಅಜ್ಜಾ, ಮುಳ್ಳುತಂತಿ ಕೆಜಿ ಎಷ್ಟಕ್ಕೆ ತಂದ್ರಿ?