ಅಜ್ಜಿಯ ಕೋಣೆಯ ಗುಲಾಬಿ

ಹುಬ್ಬಳ್ಳಿ ಅಣ್ಣ: (ಫೋಟೊ) ಮಾಳಮಡ್ಡಿ ಮನೆಯಲ್ಲಿ ಅಜ್ಜಿಯ ಮಂಚದ ಮೇಲ್ಗಡೆ ಇರುವ ಗುಲಾಬಿ. ಕೆಳಗೆ ಸಣ್ಣ ಅಕ್ಷರದಲ್ಲಿ ‘ಪಿ. ಜೆ. ರೆಡೂಟೆ’ ಎಂದಿದೆ. ಫ್ರಾನ್ಸಿನ ರಾಣಿಯರ ಆಶ್ರಯದಲ್ಲಿದ್ದ ಕಲಾವಿದನಂತೆ. ಮೂಲ ಪ್ರತಿಗೆ ಒಳ್ಳೆಯ ಬೆಲೆ ಬರುತ್ತದೆ. ಮಾರಿ ನಾಲ್ಕು ಪಾಲು ಮಾಡೋಣ.

ಮಾಳಮಡ್ಡಿ ಅತ್ತೆ: ನಾನಿನ್ನೂ ಈ ಮನೆಯಲ್ಲಿಯೇ ಇದ್ದೇನಪ್ಪ. ಆಗಲೇ ಗೋಡೆ ಖಾಲಿ ಮಾಡಲು ಹೊರಟಿರಾ?

ಗದಗ ಕಾಕಾ: ದೊಡ್ಡದು ಮಾಡಿ ನೋಡಿದೆ, ಚುಕ್ಕೆ ಕಾಣುತ್ತಿದೆ. ಚುಕ್ಕೆ ಇದ್ದರೆ ಆಫ್‌ಸೆಟ್, ಅಂದರೆ ಈಗಿನ ಯಂತ್ರದ ಅಚ್ಚು. ಮೂವತ್ತು ವರ್ಷ ಪ್ರೆಸ್ಸಿನಲ್ಲಿ ಇದೇ ಕೆಲಸ ಮಾಡಿದ್ದೇನೆ. ಕ್ಯಾಲೆಂಡರ್ ಹಾಳೆಗೆ ಕಟ್ಟು ಹಾಕಿಸಿದ್ದಾರೆ, ಅಷ್ಟೇ.

ನಾನು: ಕಾಕಾ, ಸ್ವಲ್ಪ ತಡೆಯಿರಿ. ಅವನ ಮೂಲ ಮುದ್ರಣದಲ್ಲಿಯೂ ಚುಕ್ಕೆಗಳೇ ಇವೆ. ಅವನು ನೀರುಬಣ್ಣದಲ್ಲಿ ಬರೆದ ಹೂವನ್ನು ಕೆತ್ತನೆಗಾರರು ತಾಮ್ರದ ತಗಡಿನ ಮೇಲೆ ಚುಕ್ಕೆಗಳಲ್ಲಿ ಮೂಡಿಸುತ್ತಿದ್ದರು. ಗೆರೆ ಎಳೆದರೆ ಪಕಳೆ ಬಿರುಸಾಗಿ ಕಾಣುತ್ತದೆ. ಚುಕ್ಕೆ ದಟ್ಟವಾದಲ್ಲಿ ನೆರಳು, ವಿರಳವಾದಲ್ಲಿ ಬೆಳಕು. ಮುದುಡಿದ ಪಕಳೆಯ ಅಂಚು ನೋಡಿ, ಎಲ್ಲಿ ಮುಗಿಯಿತೆಂದೇ ಗೊತ್ತಾಗುವುದಿಲ್ಲ.

ಹುಬ್ಬಳ್ಳಿ ಅಣ್ಣ: ಯಾರೋ ಕೆತ್ತಿ ಇನ್ಯಾರೋ ಅಚ್ಚು ಹಾಕಿದ್ದು ಅವನ ಕಲೆ ಹೇಗಾಯಿತು?

ನಾನು: ಕೆಳಗಿನ ಸಾಲನ್ನು ಪೂರ್ತಿ ಓದು. ಎಡಕ್ಕೆ ಬರೆದವನ ಹೆಸರು, ನಡುವೆ ಮುದ್ರಣಾಲಯ, ಬಲಕ್ಕೆ ಕೆತ್ತಿದವನ ಹೆಸರು. ಯಾರ ಕೆಲಸವನ್ನೂ ಅವರು ಮುಚ್ಚಿಟ್ಟಿಲ್ಲ. ಇನ್ನು ಬಣ್ಣದ ವಿಷಯ ಕೇಳಿ ಕಾಕಾ, ಇದು ನಿಮಗೇ ಹೇಳಬೇಕಾದದ್ದು. ಒಂದೇ ತಗಡು. ಬಟ್ಟೆಯ ಸಣ್ಣ ಉಂಡೆಗಳಿಂದ ಎಲೆಯ ಜಾಗಕ್ಕೆ ಹಸಿರು, ಹೂವಿನ ಜಾಗಕ್ಕೆ ಗುಲಾಬಿ ಬಣ್ಣ ತುಂಬಿ, ಮೇಲ್ಮೈ ಒರೆಸಿ ಒಂದು ಹಾಳೆ ತೆಗೆಯುವುದು. ಮುಂದಿನ ಹಾಳೆಗೆ ಮತ್ತೆ ಮೊದಲಿನಿಂದ. ಆಮೇಲೆ ಕುಂಚ ಹಿಡಿದು ಕೈಯಿಂದ ತಿದ್ದುವುದು.

ಗದಗ ಕಾಕಾ: ಒಂದೇ ತಗಡಿಗೆ ಎಲ್ಲ ಬಣ್ಣವೇ! ಬಣ್ಣಕ್ಕೊಂದರಂತೆ ನಾಲ್ಕು ಪ್ಲೇಟು ಹಾಕಿ, ಒಂದರ ಮೇಲೊಂದು ಸರಿಯಾಗಿ ಕೂರುವಂತೆ ರಿಜಿಸ್ಟರ್ ಹೊಂದಿಸುವುದರಲ್ಲೇ ನಮ್ಮ ಜೀವ ಹೋಗುತ್ತಿತ್ತು. ಹಸಿರು ಹೋಗಿ ಹೂವಿಗೆ ತಾಗಿದರೆ?

ನಾನು: ಹಾಳೆ ಕೆಟ್ಟಂತೆಯೇ. ಅವನ ಗುಲಾಬಿ ಚಿತ್ರಗಳು ಹೀಗೆ ಅಚ್ಚಾಗಿ ಬಂದ ಪುಸ್ತಕ ಮೂರು ಸಂಪುಟ, 160ಕ್ಕೂ ಹೆಚ್ಚು ಚಿತ್ರ. 1817ರಿಂದ 1824ರವರೆಗೆ ಹೊರಬಂತು. ಅಣ್ಣ, ಇದನ್ನು ಜೋಸೆಫಿನ್ ರಾಣಿ ಮಾಡಿಸಿದಳೆಂದು ಎಲ್ಲಿಯಾದರೂ ಓದಿದ್ದರೆ ನಂಬಬೇಡ. ಅವಳು 1814ರಲ್ಲೇ ತೀರಿಕೊಂಡಿದ್ದಳು.

ಹಾವೇರಿ ವೈನಿ: (ಫೋಟೊ) ಶುಭೋದಯ. ಈ ದಿನ ಎಲ್ಲರಿಗೂ ಮಂಗಳಕರವಾಗಿರಲಿ.

ನಾನು: ವೈನಿ, ನಿಮ್ಮ ಶುಭೋದಯದ ಗುಲಾಬಿಯೂ ರೆಡೂಟೆಯದೇ!

ಹಾವೇರಿ ವೈನಿ: ಹೌದೇ? ನನಗೆ ತವರಿನ ಗುಂಪಿನಿಂದ ಬಂದಿತ್ತು.

ಹುಬ್ಬಳ್ಳಿ ಅಣ್ಣ: ಎರಡರಲ್ಲಿಯೂ ಚುಕ್ಕೆ ಎಂದರೆ ಪತ್ತೆ ಹಚ್ಚುವುದು ಹೇಗೆ? ಅದನ್ನಷ್ಟು ಹೇಳು.

ಗದಗ ಕಾಕಾ: ಅದನ್ನು ನಾನು ಹೇಳುತ್ತೇನೆ. ಆಫ್‌ಸೆಟ್ ಚುಕ್ಕೆ ಸಾಲು ಹಿಡಿದು ನಿಂತಿರುತ್ತದೆ, ಒಂದೊಂದು ಬಣ್ಣದ ಸಾಲು ಒಂದೊಂದು ಓರೆಯಲ್ಲಿ. ಹಸಿರು ಎಲೆಯಲ್ಲಿ ಹಸಿರು ಶಾಯಿ ಇರುವುದಿಲ್ಲ, ನೀಲಿ ಮತ್ತು ಹಳದಿ ಇರುತ್ತದೆ. ಕೈಯಿಂದ ಒತ್ತಿದ ಚುಕ್ಕೆ ಹಾಗೆ ಸಾಲು ಹಿಡಿಯುವುದಿಲ್ಲ. ಅಕ್ಕಾ, ಪಂಚಾಂಗ ಓದುವ ಭೂತಗನ್ನಡಿ ಎಲೆಯ ಮೇಲಿಟ್ಟು ಒಂದು ಫೋಟೊ ಕಳಿಸು.

ಮಾಳಮಡ್ಡಿ ಅತ್ತೆ: ಒಲೆಯ ಮೇಲೆ ಹಾಲಿದೆ. ತಡಿ.

ಮಾಳಮಡ್ಡಿ ಅತ್ತೆ: (ಫೋಟೊ)

ಗದಗ ಕಾಕಾ: ಇದು ನಿನ್ನ ಹೆಬ್ಬೆರಳು ಅಕ್ಕಾ.

ಮಾಳಮಡ್ಡಿ ಅತ್ತೆ: (ಫೋಟೊ)

ನಾನು: ನೀಲಿ, ಹಳದಿ. ಸಾಲು ಸಾಲು.

ಗದಗ ಕಾಕಾ: ನಾನು ಮೊದಲೇ ಹೇಳಿದ್ದೆ.

ನಾನು: ಹೇಳಿದ್ದು ಸರಿ ಕಾಕಾ, ಕೊಟ್ಟ ಕಾರಣ ತಪ್ಪು.

ಹಾವೇರಿ ವೈನಿ: ಹುಬ್ಬಳ್ಳಿಯವರು ಸುಮ್ಮನಾಗಿಬಿಟ್ಟರಲ್ಲ?

ಹುಬ್ಬಳ್ಳಿ ಅಣ್ಣ: ಅಂಗಡಿಗೆ ಗಿರಾಕಿ ಬಂದಿದ್ದಾರೆ.

ಗದಗ ಕಾಕಾ: ಆದರೆ ಕೆಲಸ ಚೆನ್ನಾಗಿದೆ. ರಿಜಿಸ್ಟರ್ ಕೂದಲೆಳೆಯಷ್ಟೂ ಸರಿದಿಲ್ಲ. ಅಕ್ಕಾ, ಯಾವ ಪ್ರೆಸ್ಸಿನದೆಂದು ಹಿಂಬದಿಯಲ್ಲಿ ಇರಬಹುದು, ಬಿಚ್ಚಿ ನೋಡು.

ಮಾಳಮಡ್ಡಿ ಅತ್ತೆ: ಹಿಂದೆ ಹಲಗೆ ಇಟ್ಟು ಮೊಳೆ ಹೊಡೆದಿದ್ದಾರೆ, ತುಕ್ಕು ಹಿಡಿದಿದೆ. ನನ್ನ ಕೈಲಾಗದು. ಭಾನುವಾರ ಬರುವಾಗ ಇಕ್ಕಳ ತೆಗೆದುಕೊಂಡು ಬಾ. ನೋಡಿದ ಮೇಲೆ ತಿರುಗಿ ಅಲ್ಲಿಯೇ ತೂಗುಹಾಕಬೇಕು.